ಎಂಟು ಮಂದಿಗೆ

ಕಾಡಪ್ಪನ ಅಂಗಡ್ಯಾಗ ಶೇಂಗಾ ಕಟ್ಟಿಕೊಟ್ಟ
ಪೇಪರಿನ ಹಾಳ್ಯಾಗ ಬರದಿತ್ತು:
ಮೆಕ್ಸಿಕನ್ ಬೀನ್ಸ್. ಎಂಟು ಮಂದಿಗೆ.
ಕೆಂಪು ಕಾಳು ಅರ್ಧ ಕಿಲೋ, ರಾತ್ರಿ ನೆನೆ ಹಾಕಿದ್ದು.
ಉಳ್ಳಾಗಡ್ಡಿ, ಬಳ್ಳೊಳ್ಳಿ, ಟೊಮ್ಯಾಟೊ, ಜೀರಗಿ,
ಗೊಂಜಾಳ ಒಂದು ಬಟ್ಟಲ, ಒಣಮೆಣಸಿನಕಾಯಿ,
ಓರೆಗಾನೊ ಅಂತ ಒಂದು, ಅದೇನ ದೇವರಿಗೇ ಗೊತ್ತು.
ಕಟ್ಟಕಡೀಕ, "ಒಲೆಯಿಂದ ಇಳಿಸುವ ಮುನ್ನ ಮರೆಯದೆ"
ಅನ್ನೂದರ ಮುಂದ
ಹಾಳಿ ಹರದಿತ್ತು.

ಮಗ ಮಹಾಲಿಂಗ ಅಟ್ಲಾಸ್ ತಗದು ತೋರಿಸಿದ:
ಇಲ್ಲೈತಿ ನೋಡವ್ವ ಮೆಕ್ಸಿಕೊ, ಬಾಲ ಮಡಚಿದ ಬೆಕ್ಕಿನಂಗ.
ನಮ್ಮ ಬನಹಟ್ಟಿ ಎಲ್ಲೈತೋ, ಅಂದೆ.
ನಮ್ಮದು ಇದರಾಗ ಇಲ್ಲ, ಅಂದ.
ಇರಲಿ ಬಿಡು, ಒಲಿ ಅಂತೂ ಐತಿ.

ಎಂಟು ಮಂದಿ.
ಈ ಕಡೆ ನಾವು ಮೂರು.
ನಾಕಿಂಚಿನ ಇಟ್ಟಂಗಿ ಗ್ವಾಡಿ ಆಚೆ
ಮೈದುನ, ನೆಗೆಣ್ಣಿ ದಾನವ್ವ, ಅವರ ಎರಡು ಹೆಣ್ಣು,
ಮತ್ತ ಅವರ ಪಾಲಿಗೆ ಹೋದ ಅತ್ತಿ.
ನಾಕು ಮಗ್ಗ ಎರಡೆರಡಾದವು.
ದೊಡ್ಡ ಬೋಗಾಣಿ ನನಗ ಬಂತು,
ಅದರ ಸೌಟು ಆಕಿಗೆ ಹೋತು.
ಯಾಕ ಬ್ಯಾರಿ ಆದ್ರಿ ಅಂತ ಕೇಳಬ್ಯಾಡ್ರಿ,
ಹೇಳಾಕ ಕುಂತ್ರ ಭಾಳ ಸಣ್ಣದು ಅನಸತೈತಿ.
ಮೂರು ವರ್ಷಾತು, ಮಗ್ಗಕ್ಕ ಮಗ್ಗ ಮಾತಾಡತಾವ,
ನಾವು ಮಾತಾಡಂಗಿಲ್ಲ.

ಅಳತಿ ಅರ್ಧ ಮಾಡಬಹುದಿತ್ತು. ಮಾಡಲಿಲ್ಲ.
ಮೊದಲ ಹರದ ಹಾಳಿ,
ಅದನ್ನ ಇನ್ನೆಷ್ಟು ಹರೀಲಿ.

ಇಚಲಕರಂಜಿಗೆ ನೂಲ ತರಾಕ ಹ್ವಾದ ನಮ್ಮವರು
ಕಾಳ ತಂದ್ರು. ಇಳಕಲ್ಲ ಸೀರಿ ಸೆರಗಿನ ಕೆಂಪು,
ಉಗುರಿನಷ್ಟು ದೊಡ್ಡವು. ಮಡಿಕಿ, ಹೆಸರು, ಅಲಸಂದಿ
ಹಿಡದ ಕೈಗೆ ಇವು ಹಳ್ಳದ ಹಳ್ಳ ಅನಿಸಿದವು.
ರಾತ್ರಿ ಎದ್ದು ಎರಡು ಸಲ ನೀರು ನೋಡಿದೆ.
ಮುಂಜಾನೆ ಎರಡು ಪಟ್ಟು ಉಬ್ಬಿ
ಮುಚ್ಚಳ ಎತ್ತಿ ಕುಂತಿದ್ದವು.

ಓರೆಗಾನೊಕ್ಕ ಬದಲಿ ಅಜಿವಾನ ತಿಕ್ಕಿ ಹಾಕಿದೆ,
ಮೂಗಿಗೆ ಯಾಕೋ ಅದ ಸರಿ ಅನಿಸಿತು.
ಸೌಟು ಇಲ್ಲ. ಸಣ್ಣ ಚಮಚದಿಂದ
ದೊಡ್ಡ ಬೋಗಾಣಿ ತಿರುವೂದಂದ್ರ
ಕೆರಿಯಾಗ ಬೆರಳ ಆಡಿಸಿದಂಗ.
ಮಗ ಅಂದ: ಗೊಂಜಾಳ, ಟೊಮ್ಯಾಟೊ, ಮೆಣಸಿನಕಾಯಿ,
ಎಲ್ಲಾ ಆ ಕಡೆಯಿಂದ ಹಡಗ ಹತ್ತಿ ಬಂದಾವಂತ, ಸರ್ ಹೇಳ್ಯಾರ.
ಬೋಗಾಣಿಯೊಳಗ ಕಿವಿ ಇಟ್ಟೆ.
ಪಂಚಮಿಗೆ ತವರಿಗೆ ಬಂದ ಹೆಣಮಕ್ಕಳಂಗ
ಗುಸುಗುಸು ಗುಸುಗುಸು,
ಒಬ್ಬರ ಮಾತು ಒಬ್ಬರಿಗೆ ಕೇಳಿಸದಂಗ ಕುದಿ.

ಇನ್ನ ಆ ಮರೀಬಾರದ್ದು ಯಾವುದು?
ಬೆಣ್ಣಿ ಇರಬೇಕು, ಅಂದ್ರು ನಮ್ಮವರು.
ಚೀಸ್, ಅಂದ ಮಗ, ಕಂಡವರಂಗ.
ನನಗ ನಿಂಬಿಹಣ್ಣು ಅನಿಸಿತು, ಆಮ್ಯಾಲ ಕೊತಂಬ್ರಿ,
ಆಮ್ಯಾಲ ಚೂರು ಬೆಲ್ಲ.
ಇದ್ದದ್ದೆಲ್ಲಾ ಹಾಕಿದೆ.
ಯಾವುದರೆ ಒಂದು ಖರೇ ಇರಬೇಕಲ್ಲ.

ಹಿರೇರು ಉಣ್ಣೂಕಿಂತ ಮೊದಲ
ರುಚಿ ನೋಡಬಾರದು, ಇದು ಅತ್ತಿ ಕಲಿಸಿದ್ದು.
ಅತ್ತಿ ಆ ಕಡೆ ಹ್ವಾದ್ರೂ ರೂಢಿ ಈ ಕಡೆ ಉಳದಿತ್ತು.
ಐದು ಮಂದೀದು ಡಬರಿಗೆ ತುಂಬಿ
ಹತ್ತು ಖಡಕ್ ರೊಟ್ಟಿ ಮ್ಯಾಲಿಟ್ಟು
ಹುಡುಗನ ಕೈಯಾಗ ಕೊಟ್ಟೆ.
ಏನಂತ ಹೇಳಲಿ, ಅಂದ.
ಏನೂ ಹೇಳಬ್ಯಾಡ, ಇಟ್ಟು ಬಾ.

ಬರಿಗೈಲೆ ಬಂದ.
ಎರಡೂ ಕಡೆ ಮಗ್ಗ ಖಟ್ ಖಟ್, ಖಟ್ ಖಟ್,
ಆ ಸಪ್ಪಳದಾಗ ಯಾರು ನಕ್ಕರೋ, ಯಾರು ಚೆಲ್ಲಿದರೋ.
ನಮ್ಮ ತಾಟಿನ ಮುಂದ ನಾನು ಕುಂತೇ ಇದ್ದೆ,
ತುತ್ತು ಮುರೀಲಿಲ್ಲ.

ಆವಾಗ ಕರೆಂಟ್ ಹೋತು.

ಓಣಿ ಓಣಿನs ತಣ್ಣಗಾತು.
ಆಚೆ ಯಾರೋ ರೊಟ್ಟಿ ಮುರಿದದ್ದು ಕೇಳಿಸಿತು, ಟಕ್ ಅಂತ.
ಅತ್ತಿ ಕೆಮ್ಮಿದ್ದು.
ಆಮ್ಯಾಲ ಗ್ವಾಡಿಗೆ ಬಾಯಿ ಹಚ್ಚಿದಂಗ
ದಾನವ್ವನ ದನಿ:
"ಯಕ್ಕಾ... ಉಪ್ಪs ಹಾಕಿಲ್ಲಲ್ಲ ಇದಕ್ಕ!"

ಹಾಳಿ ನೋಡಿದೆ. ಭರಣಿ ನೋಡಿದೆ.
ನಮ್ಮವರು ಬಾಯಾಗಿನ ತುತ್ತು ನುಂಗದ
ನಗು ತಡಕೊಂಡು ಕುಂತಿದ್ರು.

"ಸೌಟು ತಗೊಂಡು ಬಾರs," ಅಂದೆ,
"ಉಪ್ಪು ಹಾಕಿ ತಿರುವಬೇಕು."

ಕರೆಂಟ್ ಬರಾಕ ಇನ್ನೂ ಹೊತ್ತಿತ್ತು.