ಕತ್ತೆಕಿರುಬ

ಬಫಲೋ ಊರಿನ ಬೆಳಗಿನ ಗಾಳಿಯಲ್ಲಿ
ಹನ್ನೊಂದು ವರ್ಷ ನನಗಿದ್ದದ್ದು ಒಂದೇ ಕೆಲಸ:
ನಗುವುದು.
ಬಝ್ ಟಾರ್ಪಿ ಬಾಯಿಬಿಟ್ಟರೆ ನಾನು ಹಲ್ಲುಬಿಡಬೇಕು.
ಅವನಿಟ್ಟ ಹೆಸರು ಕತ್ತೆಕಿರುಬ.
ಸಂಬಳದ ಚೀಟಿಯಲ್ಲಿ ಮಾತ್ರ ಎಮಿಲ್ ಗ್ರಜೆಲಾಕ್.

ಈಗ ನೆಲಮಾಳಿಗೆಯ ತುಂಬ ಕ್ಯಾಸೆಟ್ಟು,
ಬೂಟಿನ ಪೆಟ್ಟಿಗೆಗಳಲ್ಲಿ, ಬಾಳೆಹಣ್ಣಿನ ರಟ್ಟಿನ ಡಬ್ಬಗಳಲ್ಲಿ.
ಬ್ರೆಡ್ಡಿನ ವ್ಯಾನು ಓಡಿಸುತ್ತಿದ್ದವನೊಬ್ಬ
ದಿನ ತಪ್ಪದೆ ಹಿಡಿದಿಟ್ಟದ್ದು.
ಅವನು ಸತ್ತ ಮೇಲೆ ಹೆಂಡತಿ ತಂದು ಸುರಿದಳು:
"ನಿಮ್ಮದು, ತಗೊಳ್ಳಿ. ನನಗೆ ಗ್ಯಾರೇಜು ಬೇಕು."

ಮಾತು ಆಡಿದರೆ ಹೋಯಿತು ಅಂತಾರೆ.
ಎಲ್ಲಿ ಹೋಯಿತು? ಇಲ್ಲೇ ಇದೆ,
ನಲವತ್ತೈದು ನಿಮಿಷಕ್ಕೊಮ್ಮೆ ಮಗ್ಗುಲು ಬದಲಿಸುತ್ತ.

ಪೆನ್ಸಿಲು ತೂರಿಸಿ ಸಡಿಲು ಸುತ್ತುತ್ತೇನೆ.
ಬಿಷಪ್ಪನ ಜೋಕು, ಮೇಯರನ ವಿಗ್ಗಿನ ಜೋಕು,
ಮೊಣಕಾಲುದ್ದ ಹಿಮದಲ್ಲಿ ಚಡ್ಡಿಯಲ್ಲಿ ಓಡಿದವನಿಗೆ
ಹಾಕಿ ಪಂದ್ಯದ ಟಿಕೆಟ್ಟು,
ಆ ತಪ್ಪಿಗೆ ನಾವು ಕಟ್ಟಿದ ದಂಡ, ರಸೀದಿಯನ್ನೂ ರಾಗವಾಗಿ ಓದಿದ್ದು.
ನಿಜ ಹೇಳಲೇ? ಎಷ್ಟೋ ಕಡೆ ಈಗಲೂ ನಗು ಬರುತ್ತದೆ,
ಬಾಯ್ಲರಿನ ಪಕ್ಕ ಒಬ್ಬನೇ, ಹೊಟ್ಟೆ ಹಿಡಿದುಕೊಂಡು.

ಆಮೇಲೆ ಒಂದು ಫೆಬ್ರವರಿ, ಗುರುವಾರ.
ಉಕ್ಕಿನ ಕಾರ್ಖಾನೆ ಬಾಗಿಲು ಹಾಕಿದ ಮರುವರ್ಷ.
ಲೈನಿನಲ್ಲಿ ಲ್ಯಾಕವಾನಾದ ಇರೀನ್.
ಗಂಡ ದಿನವೂ ಊಟದ ಡಬ್ಬಿ ಹಿಡಿದು ಹೊರಡುತ್ತಾನೆ,
ಮುಚ್ಚಿದ ಗೇಟಿನೆದುರು ಕಾರಿನಲ್ಲೇ ಕೂತು
ತಿಂದು ಬರುತ್ತಾನೆ, ಎಂದಳು.
"ಡಬ್ಬಿಯಲ್ಲಿ ಏನಿರುತ್ತೆ?" ಬಝ್ ಕೇಳಿದ.
"ಮೊಟ್ಟೆ ಸ್ಯಾಂಡ್‌ವಿಚ್ಚು," ಎಂದಳು,
ಕೇಳಿದ್ದು ನಿಜವೆಂದು ನಂಬಿ.
ಕಕ್ಕಸಿಗೆ ನೀರು ಬಿಟ್ಟ ಸದ್ದು. ಲೈನು ಕಟ್.
ಆಮೇಲೆ ನಾನು.

ಪರದೆಯ ಮೇಲೆ ನನ್ನ ನಗು ಕಣ್ಣಿಗೇ ಕಾಣುತ್ತದೆ,
ಗರಗಸದ ಹಲ್ಲಿನ ಹಾಗೆ.
ಅದಕ್ಕೂ ಮುಂಚೆ ಒಂದು ಬಯಲು,
ಒಂದು ಸೆಕೆಂಡು, ಮೇಲೆ ಚೂರು.
ಅಷ್ಟು ಹೊತ್ತು ನಾನು ನಕ್ಕಿರಲಿಲ್ಲ.
ಗಾಜಿನಾಚೆ ಬಝ್ ಹುಬ್ಬೇರಿಸಿದ್ದು ನೆನಪಿದೆ.
ಮನೆ ಬಾಡಿಗೆ ನೆನಪಾದದ್ದು ನೆನಪಿದೆ.

ಮೌನ ಪತ್ತೆಯಾಗಿದೆ, ತೆಗೆಯಲೇ? ಎನ್ನುತ್ತದೆ ಯಂತ್ರ.
ಬೇಡ ಒತ್ತುತ್ತೇನೆ. ಮತ್ತೆ ಕೇಳುತ್ತದೆ.
ಮತ್ತೆ ಬೇಡ.

ಚೀಟಿಯ ಮೇಲೆ ಬರೆಯುತ್ತೇನೆ: ತಾರೀಖು, ಗಂಟೆ,
ಇರೀನ್, ಮೊಟ್ಟೆ ಸ್ಯಾಂಡ್‌ವಿಚ್ಚು.
ನಗು: ಎಮಿಲ್ ಗ್ರಜೆಲಾಕ್.

ಟೇಪು ಇನ್ನೂ ತಿರುಗುತ್ತಿದೆ. ಹವಾಮಾನ ವರದಿ.
ಸರೋವರದ ಕಡೆಯಿಂದ ಹಿಮ ಬರುತ್ತಿದೆ, ಎನ್ನುತ್ತಾನೆ ಯಾರೋ,
ಮಕ್ಕಳಿಗೆ ಬೆಚ್ಚಗೆ ಹೊದಿಸಿ ಕಳಿಸಿ.