ತೆರವುಗೊಳಿಸಲಾಗಿದೆ

ಎಂಟು ವಾರದೊಳಗೆ ದಾರಿ ಬಿಡಿಸಿಕೊಡಿ ಅಂತಿತ್ತು ಆದೇಶ.
ಕಡತದ ಮೇಲೆ ಒಂದು ಮುಂಗಾರು ಹೋಯಿತು,
ಕಾಫಿ ಹಣ್ಣಾಯಿತು, ಕೊಯ್ದಾಯಿತು,
ಕಣದಲ್ಲಿ ಹರವಿ ಮೂಟೆಯೂ ಕಟ್ಟಿಯಾಯಿತು.
ಆಮೇಲೆ ಬಂತು ನೋಟೀಸು:
ನ್ಯಾಯಾಂಗ ನಿಂದನೆ. ತಹಶೀಲ್ದಾರರು ಖುದ್ದು ಹಾಜರಿರತಕ್ಕದ್ದು.

ನಿಂದನೆ!
ಪೊನ್ನಂಪೇಟೆಯ ನಮ್ಮ ಕಚೇರಿಯಲ್ಲಿ
ಯಾರೂ ಯಾರನ್ನೂ ಬೈದವರಲ್ಲ.
ಎರವರ ಬೊಳ್ಚಿ ಬಂದಾಗಲೆಲ್ಲ ಬೆಂಚು ತೋರಿಸಿದ್ದೇವೆ.
"ಸರ್ವೆಯವರು ರಜೆ", "ಮೇಡಂ ಮೀಟಿಂಗು",
"ಆ ಕಡೆ ಆನೆ ಇದೆಯಂತೆ, ಹೋಗೋದು ಹೇಗೆ",
ಎಷ್ಟು ಮೆತ್ತಗೆ ಹೇಳಿದ್ದೇವೆ ಎಲ್ಲವನ್ನೂ.

ಲೈನ್ ಮನೆಯಿಂದ ಹೆಣ ಹೂಳುವ ಪೈಸಾರಿಗೆ
ಕಾಲುದಾರಿ ಮುನ್ನೂರ ಹತ್ತು ಮೀಟರು.
ನಡುವೆ ತೋಟದವರ ಸೋಲಾರ್ ಬೇಲಿ, ಆನೆಗೆಂದು.
ಸತ್ತವರು ರಸ್ತೆ ಹಿಡಿದು ನಾಲ್ಕು ಮೈಲಿ ಸುತ್ತಬೇಕು,
ಜೀಪಿನವರು ಹೆಣಕ್ಕೆ ಬಾಡಿಗೆ ಎರಡು ಪಟ್ಟು ಕೇಳುತ್ತಾರೆ.

ವಿಚಾರಣೆಗೆ ಮೂರು ದಿನ ಇದ್ದಾಗ ಮೇಡಂ ನಿದ್ದೆಗೆಟ್ಟರು.
ಬೀದರಿನವರು, ಒಳ್ಳೆಯವರು.
"ಜೈಲಿಗೆ ಹಾಕ್ತಾರೇನ್ರೀ, ಖರೇನೇ?" ಅಂದರು ನನ್ನ ಹತ್ತಿರ.
ನಾನು ಎರಡನೇ ದರ್ಜೆ ಸಹಾಯಕ. ನನಗೇನು ಗೊತ್ತು.

ಅವತ್ತು ರಾತ್ರಿ ಆನೆ ಬಂತು.
ಒಂಟಿ ಸಲಗ. ಒಣಮರವೊಂದನ್ನು ತಂತಿಯ ಮೇಲೆ ಕೆಡವಿ,
ಆರು ಕಂಬ ಕಿತ್ತು, ಹಲಸಿನ ಹಣ್ಣಿಗೆ ಹೋಯಿತು.
ಬೆಳಿಗ್ಗೆ ನೋಡಿದರೆ
ಉಚ್ಚ ನ್ಯಾಯಾಲಯ ಕೇಳಿದ್ದಕ್ಕಿಂತ
ಎರಡಡಿ ಅಗಲವೇ ಹೆಚ್ಚು ದಾರಿ.

ಫೋಟೋ ತೆಗೆದೆ. ಅಕ್ಷಾಂಶ, ರೇಖಾಂಶ, ಹತ್ತು ನಲವತ್ತೆರಡು.
ಎಡಮೂಲೆಯಲ್ಲಿ ಲದ್ದಿ ಬಿದ್ದಿತ್ತು, ಕತ್ತರಿಸಿದೆ.
ವರದಿಯಲ್ಲಿ ಟೈಪು ಮಾಡಿದ್ದು ಇಷ್ಟೆ:
"ಸದರಿ ದಾರಿಯಲ್ಲಿನ ಅಡೆತಡೆಯನ್ನು ತೆರವುಗೊಳಿಸಲಾಗಿದೆ."
ಸುಳ್ಳು ಎಲ್ಲಿದೆ ಹೇಳಿ.
ಈ 'ಲಾಗಿದೆ' ಅನ್ನುವುದರ ಹೊಟ್ಟೆ ಬಲು ದೊಡ್ಡದು,
ಇಪ್ಪತ್ತೆರಡು ವರ್ಷದಿಂದ ನಾನು ಅದರೊಳಗಿದ್ದೇನೆ.
ಅವತ್ತು ಸಲಗವೂ ಒಳಗೆ ಬಂದು ನಿಂತಿತು,
ಕೊಂಚ ಸರಿದು ಜಾಗ ಮಾಡಿಕೊಟ್ಟೆ.

ಬೇಷರತ್ ಕ್ಷಮೆ ಅಂಗೀಕರಿಸಿ ಪ್ರಕರಣ ಮುಕ್ತಾಯ.
ಮೇಡಂ ಬರುತ್ತಾ ಹುಣಸೂರಿನಲ್ಲಿ ನಿಲ್ಲಿಸಿ
ಜಿಲೇಬಿ ತಂದರು, ಪ್ಯೂನಿಗೂ ಎರಡು.
ಹನ್ನೊಂದು ದಿನ ದಾರಿ ತೆರೆದೇ ಇತ್ತು.
ಆ ಹನ್ನೊಂದು ದಿನ ಲೈನಿನಲ್ಲಿ ಯಾರೂ ಸಾಯಲಿಲ್ಲ.
ಹನ್ನೆರಡನೆಯ ದಿನ ತೋಟದ ರೈಟರು ಹೊಸ ಕಂಬ ಇಳಿಸಿದ.
ಗುಂಡಿ ತೋಡಿದವರಲ್ಲಿ ಬೊಳ್ಚಿಯ ಅಳಿಯನೂ ಇದ್ದ,
ಅರ್ಧ ದಿನದ ಕೂಲಿ, ಸಂಜೆಗೇ ಬಟವಾಡೆ.

ನಿನ್ನೆ ಮತ್ತೆ ಬಂದಿದ್ದಳು. ಬೆಂಚು ತೋರಿಸಿದೆ, ಕೂರಲಿಲ್ಲ.
ಸೆರಗಿನ ಗಂಟಿನಿಂದ ಆ ಫೋಟೋದ ಜೆರಾಕ್ಸು ಬಿಚ್ಚಿ
ನನ್ನ ಮೇಜಿನ ಮೇಲಿಟ್ಟು, ಮಡಿಕೆಗಳನ್ನು
ಅಂಗೈಯಲ್ಲಿ ಸವರಿ ಸವರಿ ಸರಿಮಾಡಿದಳು:
"ಬೇಲಿ ತೆಗೆದವರ ಹೆಸರು ಬರಕೊಡಿ ಸಾರ್.
ಅವರನ್ನೇ ಇನ್ನೊಂದು ಸಲ ಕೇಳ್ತೇನೆ."