ಯಾವುದರಲ್ಲಿ

ಜಂಗಮಕೋಟೆ ಶಾಲೆ, ಆರನೇ ಕ್ಲಾಸು, ಇಪ್ಪತ್ತೆಂಟು ನೋಟುಬುಕ್ಕು.
ರಾತ್ರಿ ಊಟ ಮುಗಿಸಿ ಕೆಂಪು ಪೆನ್ನು ಹಿಡಿದು ಕೂತೆ.

ಮೂರನೇ ಒಂದು, ನಾಲ್ಕನೇ ಒಂದು. ಕೂಡಿಸಿ.

ಮೇಲಿನದು ಮೇಲಿನದಕ್ಕೆ, ಕೆಳಗಿನದು ಕೆಳಗಿನದಕ್ಕೆ,
ಏಳನೇ ಎರಡು ಎಂದು ಬರೆದವರು ಹತ್ತೊಂಬತ್ತು ಜನ.
ಹದಿನೆಂಟಕ್ಕೆ ತಪ್ಪು ಹಾಕಿದೆ, ಕೈ ತಾನೇ ಹೋಯಿತು.
ಹತ್ತೊಂಬತ್ತನೆಯದು ನಿಸರ್ಗಳದು.
ಉತ್ತರದ ಕೆಳಗೆ, ಮಾರ್ಜಿನ್ನು ದಾಟಿ, ಪೆನ್ಸಿಲಿನಲ್ಲಿ:

"ಮಿಸ್, ಒಳಮನೇಲಿ ಮೂರು ಚಂದ್ರಂಕಿ, ಒಂದಕ್ಕೆ ಹಾಲುತೊಂಡೆ ರೋಗ.
ಪಡಸಾಲೇಲಿ ನಾಲ್ಕು, ಅಲ್ಲೂ ಒಂದು ಹೋಯ್ತು.
ಒಟ್ಟು ಏಳಕ್ಕೆ ಎರಡು. ಅಜ್ಜಿನೂ ಎಣಿಸಿದ್ಳು."

ಪೆನ್ನು ನಿಂತಿತು.
ಬೆರಳು ಮಡಿಸಿ ಎಣಿಸಿದೆ, ಒಂದನೇ ಕ್ಲಾಸಿನವಳ ಹಾಗೆ.
ಏಳಕ್ಕೆ ಎರಡೇ.
ಅಜ್ಜಿ ತಪ್ಪಿಲ್ಲ.
ಪುಸ್ತಕದ ಕೊನೆಯ ಹನ್ನೆರಡನೇ ಏಳೂ ತಪ್ಪಿಲ್ಲ.

ಹದಿನಾಲ್ಕು ವರ್ಷ ಛೇದ ಸಮ ಮಾಡಿ, ಸಮ ಮಾಡಿ ಎಂದು
ಗಂಟಲು ಹರಿದುಕೊಂಡವಳು ನಾನು.
ಛೇದ ಅಂದರೆ ಕತ್ತರಿಸಿದ್ದು ಅಂತ ಹೇಳಿಕೊಟ್ಟಿದ್ದೆ,
ಏನನ್ನ ಕತ್ತರಿಸಿದ್ದು ಅಂತ ಒಬ್ಬರೂ ಕೇಳಿರಲಿಲ್ಲ.
ಮೊನ್ನೆ ತಾನೆ ಗಂಡನ ಮೇಲೆ ರೇಗಿದ್ದೆ:
ನನ್ನ ಸಂಬಳದ ಕಾಲು ಸೊಸೈಟಿ ಸಾಲಕ್ಕೆ,
ನಿಮ್ಮದರ ಅರ್ಧ ಬಾಡಿಗೆಗೆ,
ಮುಕ್ಕಾಲು ಹೋಯ್ತಲ್ಲ!
ಅವರೂ ತಲೆಯಾಡಿಸಿದ್ದರು, ಪಾಪ.

ಬೆಳಿಗ್ಗೆ ಒಂದು ಖಾಲಿ ಚಂದ್ರಂಕಿ ತರಿಸಿದೆ.
ಮಂಚ ಹೊತ್ತ ಹಾಗೆ ಇಬ್ಬರು ಹೊತ್ತು ತಂದರು,
ಹಳೇ ನೂಲಿನ ಅಂಟು ಬಿದಿರಲ್ಲೇ ಇತ್ತು, ವಾಸನೆ ಸಮೇತ.
ಬೋರ್ಡಿಗೆ ಒರಗಿಸಿ ಅಂದೆ, ಇರೋದು ಇದೊಂದೇ.
ಇದರ ಮೂರನೇ ಒಂದರಷ್ಟು ಹಣ್ಣು ಹುಳ ಬಿಟ್ಟೆ,
ಆಮೇಲೆ ಇದರದೇ ನಾಲ್ಕನೇ ಒಂದರಷ್ಟು.
ತುಂಬಿದ್ದೆಷ್ಟು?

ಮೂರು ಪಟ್ಟಿ ಮಾಡಿದರು, ಕಾಲು ಕೂರಲಿಲ್ಲ.
ಅಳಿಸಿ ನಾಲ್ಕು ಮಾಡಿದರು, ಇನ್ನೊಂದು ಮುನಿಸಿಕೊಂಡಿತು.
ರೀಲಿಂಗಿನವರ ಹುಡುಗ ಸುಹೈಲ್ ಹಿಂದಿನ ಬೆಂಚಿಂದ,
"ಅಳಿಸ್ಬೇಡಿ, ಎರಡೂ ದಾರ ಇರ್ಲಿ.
ಅದು ಉದ್ದಕ್ಕೆ, ಇದು ಅಡ್ಡಕ್ಕೆ."

ಕೆಂಪು ಉಲ್ಲನ್ ಎಳೆದು ಕಟ್ಟಿದೆವು.
ಹನ್ನೆರಡು ಮನೆ.
ನಾಲ್ಕು ಅದರ ಪಾಲಿಗೆ, ಮೂರು ಇದರ ಪಾಲಿಗೆ.
ನಿಸರ್ಗ ಬೆರಳಿಟ್ಟು ಎಣಿಸಿದಳು,
ಅಜ್ಜಿಯ ತೆಲುಗಿನಲ್ಲಿ, ತುಟಿಯೊಳಗೇ.
ಏಡು ಎಂದು ನಿಂತು,
ನನ್ನ ಮುಖ ನೋಡಿ, ಏಳು ಅಂದಳು.

"ಹಂಗಾದ್ರೆ ಮನೇಲಿ ಸತ್ತಿದ್ದು, ಮಿಸ್?"
ಅದು ಏಳಕ್ಕೆ ಎರಡೇ ಕಣೆ.
"ಎರಡೂ ಸರೀನಾ?"
ಬೆಲ್ಲು ಹೊಡೆಯಿತು. ಹೂಂ ಅಂದೆ.

ಅವಳ ಪುಸ್ತಕದಲ್ಲಿ ಸರಿ ಹಾಕಲಿಲ್ಲ, ತಪ್ಪೂ ಹಾಕಲಿಲ್ಲ.
ಯಾವುದರಲ್ಲಿ? ಎಂದಷ್ಟೇ ಬರೆದೆ.
ಮಿಕ್ಕ ಹದಿನೆಂಟನ್ನು ಸಂಜೆ ಮತ್ತೆ ಚೀಲಕ್ಕೆ ಹಾಕಿಕೊಂಡೆ,
ಮಾರ್ಜಿನ್ನಿನಲ್ಲಿ ಅಳಿಸಿದ್ದು ಏನಾದರೂ ಇದೆಯಾ
ಬೆಳಕಿಗೆ ಹಿಡಿದು ನೋಡೋಣ ಅಂತ.